‘ಆದರೆ’ ಬಿಟ್ಟು ‘ಹಾಗಾದರೆ’ ಹಿಡಿದದ್ದು

ಗೆಳತಿಯೊಬ್ಬರು ನನ್ನ ಎರಡು ಪುಟದ ಬರಹವನ್ನು ಓದಿ ಮುಗಿಸಿದರು. ಹಾಳೆ ಮಡಿಚಿ ಮೇಜಿನ ಮೇಲಿಟ್ಟರು. ಆಮೇಲೆ ಹೇಳಿದರು: "ಉತ್ತರ ಚೆನ್ನಾಗಿದೆ. ಆದರೆ ಇದು ನನ್ನ ಮಾತಿಗೆ ಕೊಟ್ಟ ಉತ್ತರ ಅಲ್ಲ."

ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ಅದಕ್ಕೇ ಆ ಮಾತು ಜಾಸ್ತಿ ನಾಟಿತು. ಆ ಬರಹಕ್ಕೆ ನಾನು ಮೂರು ದಿನ ಕೊಟ್ಟಿದ್ದೆ. ಅವರ ಬರಹವನ್ನು ಪಕ್ಕದಲ್ಲೇ ಇಟ್ಟುಕೊಂಡು ಬರೆದಿದ್ದೆ. ಇಷ್ಟೆಲ್ಲ ಮಾಡಿದ ಮೇಲೂ ಅವರ ಮಾತಿಗಲ್ಲದೆ ಬೇರೆ ಯಾವುದೋ ಮಾತಿಗೆ ಉತ್ತರ ಕೊಟ್ಟಿದ್ದೆ ಅಂದರೆ ಹೇಗೆ?

ನಮ್ಮದು ಏಳು ಜನರ ಓದುಗರ ಗುಂಪು. ತಿಂಗಳಿಗೆ ಒಂದು ಪುಸ್ತಕ ಎಲ್ಲರೂ ಓದುತ್ತೇವೆ. ಪ್ರತಿಯೊಬ್ಬರೂ ಅದರ ಬಗ್ಗೆ ಎರಡು ಪುಟ ಬರೆಯುತ್ತೇವೆ. ಮುಂದಿನ ಸಲ ಸೇರುವ ಹೊತ್ತಿಗೆ, ಉಳಿದ ಆರು ಬರಹಗಳಲ್ಲಿ ಯಾವುದಾದರೂ ಒಂದಕ್ಕೆ ಪ್ರತಿಕ್ರಿಯೆ ಬರೆದು ತರಬೇಕು. ಮೊದಲ ಭಾಗ ನನಗೆ ಕಷ್ಟವಾಗಿರಲಿಲ್ಲ. ಪುಸ್ತಕಗಳ ಬಗ್ಗೆ ಬರೆಯುವುದು ನನಗೆ ಮೊದಲಿಂದಲೂ ರೂಢಿ. ಕಥೆ ಏನು, ಭಾಷೆ ಹೇಗಿದೆ, ಯಾವ ಪಾತ್ರ ಮನಸ್ಸಿನಲ್ಲಿ ಉಳಿಯಿತು, ಎಲ್ಲಿ ಎಳೆದಂತಾಯಿತು. ಆ ಬರಹಗಳಲ್ಲಿ ಇರುತ್ತಿದ್ದದ್ದು ಇಬ್ಬರೇ, ನಾನು ಮತ್ತು ಪುಸ್ತಕ. ಬೇರೆಯವರು ಏನು ಬರೆದಿದ್ದಾರೆ ಅಂತ ನಾನು ಬರೆದು ಮುಗಿಸುವ ತನಕ ನೋಡುತ್ತಲೇ ಇರಲಿಲ್ಲ. ನೋಡಿದರೆ ನನ್ನ ಅಭಿಪ್ರಾಯ ಕಲಬೆರಕೆಯಾಗುತ್ತದೆ ಅನ್ನುವ ಭಯ.

ಬೇರೆಯವರ ಮಾತು ಅಪರೂಪಕ್ಕೆ ಬಂದರೂ ಅದು ‘ಕೆಲವರು’ ಎಂಬ ಹೆಸರಿನಲ್ಲಿ ಬರುತ್ತಿತ್ತು. ‘ಈ ಕಾದಂಬರಿ ತುಂಬ ನಿಧಾನ ಎಂದು ಕೆಲವರು ಹೇಳಬಹುದು. ಆದರೆ...’ ಹಳೆಯ ಬರಹಗಳನ್ನು ತೆಗೆದು ನೋಡಿದರೆ ಇಂಥ ವಾಕ್ಯ ಸಾಲುಸಾಲಾಗಿ ಸಿಗುತ್ತದೆ. ಈ ಕೆಲವರು ಯಾರು? ಯಾರೂ ಅಲ್ಲ. ನನ್ನ ‘ಆದರೆ’ಗೆ ಒಂದು ಮೆಟ್ಟಿಲು ಬೇಕಿತ್ತು, ಅದಕ್ಕೆ ಅವರನ್ನು ಕರೆದು ನಿಲ್ಲಿಸುತ್ತಿದ್ದೆ. ಅವರಿಗೆ ಮುಖ ಇರಲಿಲ್ಲ, ಕಾರಣ ಇರಲಿಲ್ಲ. ಯಾಕೆ ನಿಧಾನ ಅನ್ನಿಸಿತು ಅಂತ ಅವರನ್ನು ಕೇಳುವ ಹಾಗೂ ಇರಲಿಲ್ಲ. ಹಾಗಾಗಿ ಅವರು ಪ್ರತಿ ಸಲವೂ ಸೋಲುತ್ತಿದ್ದರು.

ಗುಂಪಿನಲ್ಲಿ ಈ ಸೌಕರ್ಯ ಇಲ್ಲ. ಇಲ್ಲಿ ‘ಕೆಲವರು’ ಎದುರಿಗೇ ಕೂತಿರುತ್ತಾರೆ.

ಆ ತಿಂಗಳು ಓದಿದ್ದು ಒಂದು ಕಾದಂಬರಿ. ವಯಸ್ಸಾದ ತಂದೆಯನ್ನು ನೋಡಿಕೊಳ್ಳಲು ಮಗಳು ಬಹಳ ವರ್ಷಗಳ ನಂತರ ಮನೆಗೆ ಬರುತ್ತಾಳೆ. ಇಡೀ ಕಥೆಯನ್ನು ಅವಳೇ ‘ನಾನು’ ಎಂದು ಹೇಳುತ್ತಾ ಹೋಗುತ್ತಾಳೆ. ಕೊನೆಯ ಅಧ್ಯಾಯದಲ್ಲಿ ಮಾತ್ರ ಇದ್ದಕ್ಕಿದ್ದಂತೆ ‘ನಾನು’ ಹೋಗಿ ‘ಅವಳು’ ಬರುತ್ತದೆ. ಯಾಕೆ ಅಂತ ಎಲ್ಲೂ ಹೇಳಿಲ್ಲ.

ಇದರ ಬಗ್ಗೆ ಗೆಳತಿ ಬರೆದದ್ದು ಹೀಗಿತ್ತು: "ಕೊನೆಯ ಅಧ್ಯಾಯದಲ್ಲಿ ‘ನಾನು’ ಇದ್ದಲ್ಲಿ ‘ಅವಳು’ ಬರುತ್ತದೆ. ಲೇಖಕರು ಇಲ್ಲಿ ಅವಳ ಕೈ ಬಿಟ್ಟರೇನೋ ಎಂದು ನನಗೆ ಅನುಮಾನ."

ನಾನು ನನ್ನ ಪ್ರತಿಕ್ರಿಯೆಯಲ್ಲಿ ಬರೆದದ್ದು ಹೀಗಿತ್ತು: "ಕಾದಂಬರಿಯ ಕೊನೆ ಸೋತಿದೆಯಂತೆ. ನನಗೆ ಹಾಗೆ ಅನ್ನಿಸಲಿಲ್ಲ." ಅಲ್ಲಿಂದ ಮುಂದೆ ಒಂದೂವರೆ ಪುಟ, ಕೊನೆ ಎಷ್ಟು ಗಟ್ಟಿಯಾಗಿದೆ ಅಂತ.

ಆ ರಾತ್ರಿ ಎರಡು ಹಾಳೆಗಳನ್ನೂ ಅಕ್ಕಪಕ್ಕ ಇಟ್ಟುಕೊಂಡು ಕೂತೆ. ಮೊದಲು ಕಣ್ಣಿಗೆ ಬಿದ್ದದ್ದು ‘ಅನುಮಾನ’ ಎಂಬ ಪದ. ಅವರು ಅನುಮಾನ ಅಂದಿದ್ದರು, ನಾನು ಅದನ್ನು ತೀರ್ಪು ಮಾಡಿದ್ದೆ. ಆಮೇಲೆ ‘ಕೈ ಬಿಟ್ಟರು’. ಅದು ಲೇಖಕರಿಗೂ ಪಾತ್ರಕ್ಕೂ ನಡುವಿನ ಮಾತು. ನಾನು ಅದನ್ನು ‘ಸೋತಿದೆ’ ಅಂತ ಮಾಡಿ ಕಾದಂಬರಿಗೆ ಹಾಕಿದ ಅಂಕವಾಗಿಸಿದ್ದೆ. ಎಲ್ಲಕ್ಕಿಂತ ನನಗೆ ಬೇಜಾರಾದದ್ದು ಆ ‘ಅಂತೆ’ ನೋಡಿ. ಕನ್ನಡದಲ್ಲಿ ‘ಅಂತೆ’ ಎರಡೂ ಕಡೆ ಹರಿತ ಇರುವ ಪ್ರತ್ಯಯ. ‘ಮಳೆ ಬರುತ್ತಂತೆ’ ಅಂದರೆ ಸುಮ್ನೆ ಕೇಳಿದ್ದನ್ನು ಹೇಳಿದ ಹಾಗೆ. ಆದರೆ ಎದುರಿಗೆ ಇರುವವರ ಅಭಿಪ್ರಾಯಕ್ಕೆ ‘ಅಂತೆ’ ಹಚ್ಚಿದರೆ ‘ನಾನಂತೂ ನಂಬಲ್ಲ’ ಅನ್ನುವುದು ಅದರೊಳಗೇ ಬಂದುಬಿಡುತ್ತದೆ. ವಾದ ಶುರುವಾಗುವ ಮೊದಲೇ ಓದುಗರಿಗೆ ಕಣ್ಣು ಮಿಟುಕಿಸಿದ ಹಾಗೆ. ಗೆಳತಿ ತಮ್ಮ ವಾಕ್ಯದಲ್ಲಿ ‘ಏನೋ’ ಅಂತ ಇಟ್ಟಿದ್ದರು. ನಾನು ಅದನ್ನು ಕಿತ್ತು ಅಲ್ಲಿ ‘ಅಂತೆ’ ಇಟ್ಟಿದ್ದೆ. ಎರಡಕ್ಷರದ ಜಾಗದಲ್ಲಿ ಎರಡಕ್ಷರ. ಮಾತು ಪೂರ್ತಿ ಬೇರೆಯಾಗಿತ್ತು.

ಹೀಗೆ ಮಾಡಬೇಕು ಅಂತ ನಾನು ಮಾಡಿರಲಿಲ್ಲ. ಓದುವಾಗ ನನಗೆ ಕೇಳಿಸಿದ್ದೇ ಹಾಗೆ. ಆ ಕೊನೆಯ ಅಧ್ಯಾಯ ನನಗೆ ತುಂಬ ಇಷ್ಟವಾಗಿತ್ತು. ಇಷ್ಟವಾದದ್ದರ ಬಗ್ಗೆ ಯಾರಾದರೂ ಪ್ರಶ್ನೆ ಎತ್ತಿದರೆ ಅದು ಬೈಗುಳದ ಹಾಗೆ ಕೇಳಿಸುತ್ತದೆ. ಅವರು ಮಾತು ಮುಗಿಸುವ ಮೊದಲೇ ಒಳಗೆ ಉತ್ತರ ಶುರುವಾಗಿರುತ್ತದೆ.

ಗುಂಪಿನಲ್ಲಿ ಎಲ್ಲರಿಗಿಂತ ಹಿರಿಯರಾದ ಒಬ್ಬರಿದ್ದಾರೆ. ಅವರು ಒಂದು ಹಳೆಯ ಸೂತ್ರ ನೆನಪಿಸಿದರು. ಮನಶ್ಶಾಸ್ತ್ರಜ್ಞ ಕಾರ್ಲ್ ರಾಜರ್ಸ್ 1951ರಲ್ಲಿ ಮಾಡಿದ ಒಂದು ಭಾಷಣದಲ್ಲಿ ಅದು ಬರುತ್ತದೆ. ಜಗಳ ಬಂದಾಗ, ಎದುರಿನವರು ಹೇಳಿದ್ದನ್ನು ಅವರೇ ‘ಹೌದು, ಇದೇ ನಾನು ಹೇಳಿದ್ದು’ ಅನ್ನುವ ಹಾಗೆ ಮೊದಲು ಹೇಳಬೇಕು. ಆಮೇಲಷ್ಟೇ ನಮ್ಮ ಮಾತು. ವಿಚಾರವನ್ನಷ್ಟೇ ಅಲ್ಲ, ಅದರ ಹಿಂದಿನ ಭಾವನೆಯನ್ನೂ ಹೇಳಬೇಕು. ಕೇಳೋಕೆ ಸುಲಭ, ಮಾಡಿ ನೋಡಿದರೆ ಇಷ್ಟು ಕಷ್ಟದ್ದು ಇನ್ನೊಂದಿಲ್ಲ ಅನ್ನಿಸುತ್ತದೆ ಅಂತ ರಾಜರ್ಸ್ ಅವರೇ ಎಚ್ಚರಿಸಿದ್ದರು. ಮಾತು ಕೇಳಿದ ಕೂಡಲೇ ಸರಿ-ತಪ್ಪು ಎಂದು ಅಳೆಯಲು ಹೊರಡುವುದೇ ದೊಡ್ಡ ಅಡ್ಡಿ ಅನ್ನುವುದು ಅವರ ಮಾತಿನ ಸಾರ. ಅದನ್ನು ಕೇಳಿದಾಗ ನನ್ನ ಒಂದೂವರೆ ಪುಟ ನೆನಪಾಯಿತು.

ಮಾಡಿ ನೋಡಿದೆ. ಗೆಳತಿಯ ಮಾತನ್ನು ನನ್ನ ಮಾತಿನಲ್ಲಿ ಮೂರು ವಾಕ್ಯದಲ್ಲಿ ಬರೆದೆ. ನನ್ನ ಅಭಿಪ್ರಾಯ ಒಂದಕ್ಷರವೂ ಇಲ್ಲ. ತೋರಿಸಿದೆ. "ಇಲ್ಲ" ಅಂದರು. ಮತ್ತೆ ಬರೆದೆ. "ಹತ್ತಿರ ಬಂತು, ಆದರೆ ನೀವು ‘ಕೈ ಬಿಡುವುದು’ ಅಂದರೆ ನಡುನೀರಲ್ಲಿ ಬಿಟ್ಟು ಹೋಗುವುದು ಅಂತಲೇ ಓದ್ತಾ ಇದೀರಿ."

"ಮತ್ತೇನು?"

"ಸೈಕಲ್ ಕಲಿಸುವವರೂ ಕೈ ಬಿಡ್ತಾರಲ್ವಾ? ಅದೂ ಆಗಿರಬಹುದು. ಯಾವುದು ಅಂತ ನನಗೇ ಗೊತ್ತಾಗಲಿಲ್ಲ. ಅದಕ್ಕೇ ‘ಏನೋ’ ಅಂತ ಬರೆದೆ."

ನಾನು ಸುಮ್ಮನೆ ಕೂತುಬಿಟ್ಟೆ. ಅವರು ಕೊನೆಯ ಅಧ್ಯಾಯವನ್ನು ಹಳಿದಿರಲೇ ಇಲ್ಲ. ಅದರ ಮುಂದೆ ಗೊಂದಲದಿಂದ ನಿಂತಿದ್ದರು. ಆ ಗೊಂದಲ ನನಗಿಂತ ಆಳವಾಗಿ ಓದಿದವರ ಗೊಂದಲ. ನಾನು ಅದೇ ಅಧ್ಯಾಯವನ್ನು ಓದಿ, ಚೆನ್ನಾಗಿದೆ ಅಂತ ಖುಷಿಪಟ್ಟು, ‘ಯಾಕೆ ಅವಳು?’ ಅಂತ ಒಂದು ಸಲವೂ ಕೇಳಿಕೊಳ್ಳದೆ ಪುಸ್ತಕ ಮುಚ್ಚಿದ್ದೆ.

ಮೂರನೇ ಸಲ ಬರೆದದ್ದಕ್ಕೆ ಅವರು ತಲೆಯಾಡಿಸಿದರು.

ಈ ಕ್ರಮಕ್ಕೆ ನಮ್ಮಲ್ಲಿ ಹಳೆಯ ಹೆಸರೇ ಇದೆ, ಪೂರ್ವಪಕ್ಷ. ಪದ ನನಗೆ ಗೊತ್ತಿತ್ತು, ಆದರೆ ಅದು ನನ್ನ ಬರವಣಿಗೆಗೂ ಸಂಬಂಧಪಟ್ಟದ್ದು ಅಂತ ಹೊಳೆದಿರಲಿಲ್ಲ. ಶಾಸ್ತ್ರಗ್ರಂಥಗಳಲ್ಲಿ ಒಂದು ವಿಷಯ ಎತ್ತಿಕೊಂಡರೆ ಮೊದಲು ಸಂಶಯ, ಆಮೇಲೆ ಪೂರ್ವಪಕ್ಷ ಅಂದರೆ ಎದುರಿನವರ ಮಾತು, ಆಮೇಲೆ ಸಿದ್ಧಾಂತ ಅಂದರೆ ತನ್ನ ನಿಲುವು. ಈ ಸಾಲಿನಲ್ಲಿ ನನಗೆ ತುಂಬ ಹಿಡಿಸಿದ್ದು ಸಂಶಯಕ್ಕೆ ಕೊಟ್ಟ ಜಾಗ. ಅದು ಎರಡೂ ಪಕ್ಷಗಳಿಗಿಂತ ಮುಂಚೆ ಬರುತ್ತದೆ. ಅಂದರೆ ಪ್ರಶ್ನೆ ಇಬ್ಬರದೂ ಹೌದು. ಬೇರೆಯಾಗುವುದು ಆಮೇಲೆ. ನಾನು ಇಷ್ಟು ದಿನ ಸಂಶಯದ ಹಂತವನ್ನು ಹಾರಿ, ನೇರ ಸಿದ್ಧಾಂತಕ್ಕೆ ಹೋಗಿ, ಅಲ್ಲಿಂದ ತಿರುಗಿ ನೋಡಿ ಒಂದು ಪೂರ್ವಪಕ್ಷವನ್ನು ಕಟ್ಟುತ್ತಿದ್ದೆ.

ಬೌದ್ಧ ತತ್ತ್ವಜ್ಞಾನಿ ನಾಗಾರ್ಜುನನ ‘ವಿಗ್ರಹವ್ಯಾವರ್ತನಿ’ಯಲ್ಲಿ 70 ಕಾರಿಕೆಗಳಿವೆ, ಅಂದರೆ ಪುಟ್ಟ ಪದ್ಯಗಳು. ಅದರಲ್ಲಿ ಮೊದಲ 20 ಪೂರ್ತಿ ಎದುರಾಳಿಗಳ ಮಾತು. ‘ಎಲ್ಲವೂ ಶೂನ್ಯ ಅನ್ನುವುದಾದರೆ ನಿನ್ನ ಆ ಮಾತೂ ಶೂನ್ಯವೇ ಅಲ್ಲವೇ, ಅದು ಇನ್ನೊಂದನ್ನು ಹೇಗೆ ಅಲ್ಲಗಳೆಯುತ್ತದೆ?’ ಎಂಬ ಧಾಟಿಯ ಪ್ರಶ್ನೆಗಳು. ತನ್ನನ್ನು ಬೀಳಿಸಬಲ್ಲ ಪ್ರಶ್ನೆಯನ್ನೇ ಆತ ಮೊದಲಿಗೆ ಇಟ್ಟಿದ್ದಾನೆ. ಅದೂ ನಾಲ್ಕು ಸಾಲಲ್ಲಿ ಮುಗಿಸಿಲ್ಲ. ಕೃತಿಯ ಕಾಲುಭಾಗಕ್ಕಿಂತ ಹೆಚ್ಚು ಜಾಗ ಕೊಟ್ಟಿದ್ದಾನೆ.

ಇದನ್ನು ಹೇಳಲು ಇನ್ನೊಂದು ಕಾರಣವೂ ಇದೆ. ಆ ದಿನಗಳಲ್ಲೇ ನನ್ನಿಂದ ಒಂದು ದೊಡ್ಡ ತಪ್ಪಾಯಿತು. ಒಬ್ಬ ವಿಮರ್ಶಕರ ಸಾಲೊಂದನ್ನು ಯಾರೋ ಉಲ್ಲೇಖಿಸಿದ್ದು ಓದಿದ್ದೆ. ಅದು ನನಗೆ ಸರಿಕಾಣಲಿಲ್ಲ. ಆ ಸಾಲನ್ನು ಎತ್ತಿಕೊಂಡು, ಅದು ಯಾಕೆ ತಪ್ಪು ಅಂತ ಒಂದು ಬರಹ ಬರೆದು ಗುಂಪಿನಲ್ಲಿ ಓದಿದೆ. ಒಬ್ಬರು ಮೂಲ ಪ್ರಬಂಧವನ್ನು ಓದಿದ್ದರು. "ಅದು ಅವರ ಮಾತಲ್ಲ. ಅವರು ಒಪ್ಪದ ಮಾತು. ಮುಂದಿನ ಪುಟದಲ್ಲೇ ಅದನ್ನು ಕಳಚಿ ಹಾಕಿದ್ದಾರೆ" ಅಂದರು. ಅಂದರೆ ನಾನು ಅವರ ಪೂರ್ವಪಕ್ಷವನ್ನು ಅವರ ಸಿದ್ಧಾಂತ ಅಂತ ತಿಳಿದು ಅವರೊಂದಿಗೆ ಜಗಳ ಆಡಿದ್ದೆ. ನಾಗಾರ್ಜುನನ ಮೊದಲ 20 ಕಾರಿಕೆಗಳಿಂದ ಒಂದನ್ನು ಕಿತ್ತು ‘ನಾಗಾರ್ಜುನ ಹೀಗೆ ಹೇಳುತ್ತಾನೆ’ ಅಂದರೆ ಹೇಗಿರುತ್ತದೆ, ಥೇಟ್ ಹಾಗೆ. ಆ ವಿಮರ್ಶಕರು ಈಗಿಲ್ಲ. ಅವರು ಬಂದು ‘ಅದು ನನ್ನ ಮಾತಲ್ಲ’ ಅಂತ ಹೇಳುವ ಹಾಗಿಲ್ಲ. ಗೆಳತಿಯಾದರೆ ಹಾಳೆ ಮಡಿಚಿಟ್ಟು ಹೇಳಿದರು. ಇಲ್ಲದವರ ಮಾತಿಗೆ ಯಾರು ದಿಕ್ಕು? ಆವತ್ತಿನಿಂದ, ಒಂದು ಸಾಲನ್ನು ಉಲ್ಲೇಖಿಸಬೇಕಾದರೆ ಅದರ ಹಿಂದಿನ ಎರಡು ಪುಟ, ಮುಂದಿನ ಎರಡು ಪುಟ ಓದದೆ ಮುಟ್ಟುವುದಿಲ್ಲ. ಪ್ರಬಂಧ ಚಿಕ್ಕದಾಗಿದ್ದರೆ ಪೂರ್ತಿ ಓದುತ್ತೇನೆ.

ತರ್ಕಶಾಸ್ತ್ರದ ಹಳೆಯ ಗ್ರಂಥವಾದ ನ್ಯಾಯಸೂತ್ರದಲ್ಲಿ ಚರ್ಚೆಯನ್ನು ಮೂರು ಬಗೆಯಾಗಿ ವಿಂಗಡಿಸಿದ್ದಾರೆ. ನಿಜ ತಿಳಿಯಲು ಮಾಡುವುದು ವಾದ. ಗೆಲ್ಲಲು ಮಾಡುವುದು ಜಲ್ಪ. ತನ್ನದು ಅಂತ ಏನೂ ಇಡದೆ ಎದುರಿನವರದನ್ನು ಕೆಡವುವುದಷ್ಟೇ ಗುರಿಯಾದರೆ ವಿತಂಡ. ಮೊದಲನೆಯ ಪದವೂ ಮೂರನೆಯ ಪದವೂ ನಮ್ಮ ದಿನಬಳಕೆಯಲ್ಲಿ ಉಳಿದಿವೆ. ‘ವಿತಂಡವಾದ ಮಾಡಬೇಡ’ ಅಂತ ಈಗಲೂ ಅನ್ನುತ್ತೇವೆ. ಜಲ್ಪಕ್ಕೆ ದಿನದ ಮಾತಿನಲ್ಲಿ ಹೆಸರಿಲ್ಲ. ಹೆಸರಿಲ್ಲದ್ದರಿಂದಲೇ ಅದನ್ನು ಗುರುತಿಸುವುದು ಕಷ್ಟ ಅನ್ನಿಸುತ್ತದೆ ನನಗೆ. ನನ್ನ ಹಳೆಯ ಬರಹಗಳು ವಿತಂಡ ಆಗಿರಲಿಲ್ಲ, ನನ್ನದೂ ಒಂದು ನಿಲುವು ಇರುತ್ತಿತ್ತು. ಆದರೆ ಅವೆಲ್ಲ ಜಲ್ಪ. ಬರೆದು ಮುಗಿಸಿದಾಗ ನನಗೆ ಮೊದಲು ಗೊತ್ತಿದ್ದದ್ದಕ್ಕಿಂತ ಹೆಚ್ಚೇನೂ ಗೊತ್ತಾಗಿರುತ್ತಿರಲಿಲ್ಲ.

ಸರಿ, ಗೆಳತಿಯ ಮಾತನ್ನು ಸರಿಯಾಗಿ ಹೇಳಿದ್ದಾಯಿತು. ಮುಂದೇನು? ಇಲ್ಲಿ ನಾನು ಮತ್ತೆ ಎಡವಿದೆ. ಮೂರು ವಾಕ್ಯದ ಪೂರ್ವಪಕ್ಷ ಬರೆದು, ಕೆಳಗೆ ‘ಆದರೆ’ ಅಂತ ಹಾಕಿ, ಹಳೆಯ ಒಂದೂವರೆ ಪುಟವನ್ನೇ ಸ್ವಲ್ಪ ಮೆದು ಮಾಡಿ ಅಂಟಿಸಿದೆ. ಓದಿ ನೋಡಿದರೆ ಏನೋ ಸರಿಯಿಲ್ಲ. ಮೊದಲ ಮೂರು ವಾಕ್ಯ ಬಾಗಿಲಲ್ಲಿ ಚಪ್ಪಲಿ ಬಿಟ್ಟ ಹಾಗಿತ್ತು. ಮರ್ಯಾದೆಗೆ ಮಾಡಿದ್ದು. ಒಳಗೆ ಹೋದ ಮೇಲೆ ಅದರ ನೆನಪೇ ಇಲ್ಲ.

ಹಿರಿಯರು ಆ ‘ಆದರೆ’ಯ ಮೇಲೆ ಪೆನ್ಸಿಲ್ ಇಟ್ಟರು. "ಇದನ್ನು ಹೊಡೆದು ಹಾಕಿ. ಇಲ್ಲಿ ‘ಹಾಗಾದರೆ’ ಅಂತ ಬರೆಯಿರಿ. ಬರೆದು ಮುಂದಿನ ವಾಕ್ಯ ಏನು ಬರುತ್ತೆ ನೋಡಿ."

ಇದು ಇಷ್ಟು ಸಣ್ಣ ಬದಲಾವಣೆ ಅಂತ ಕೇಳಿದವರಿಗೆ ಅನ್ನಿಸಬಹುದು. ಮಾಡಿ ನೋಡಬೇಕು. ‘ಆದರೆ’ ಬಂದ ಕೂಡಲೇ ಹಿಂದಿನ ವಾಕ್ಯ ಕೆಳಗೆ ಹೋಗುತ್ತದೆ, ಮುಂದಿನದು ಮೇಲೆ ಬರುತ್ತದೆ. ‘ಹಾಗಾದರೆ’ ಬಂದರೆ ಹಿಂದಿನ ವಾಕ್ಯದ ಮೇಲೆ ನಿಂತೇ ಮುಂದಕ್ಕೆ ಹೋಗಬೇಕು. ‘ಲೇಖಕರು ಇಲ್ಲಿ ಅವಳ ಕೈ ಬಿಟ್ಟರೇನೋ. ಹಾಗಾದರೆ...’ ಹಾಗಾದರೆ ಏನು? ನನ್ನ ಒಂದೂವರೆ ಪುಟದಲ್ಲಿ ಇದಕ್ಕೆ ಹೊಂದುವ ಒಂದು ವಾಕ್ಯವೂ ಇರಲಿಲ್ಲ. ಮತ್ತೆ ಪುಸ್ತಕಕ್ಕೇ ಹೋಗಬೇಕಾಯಿತು.

ಆಮೇಲೆ ಗೊತ್ತಾಯಿತು, ಇದನ್ನು ಹೋಲುವ ಅಭ್ಯಾಸವನ್ನು ಬರವಣಿಗೆ ಕಲಿಸುತ್ತಿದ್ದ ಪೀಟರ್ ಎಲ್ಬೋ 1973ರಲ್ಲೇ ವಿವರಿಸಿದ್ದರು. ಅನುಮಾನದ ಆಟ, ನಂಬಿಕೆಯ ಆಟ ಅಂತ ಅವರು ಎರಡು ಆಟಗಳನ್ನು ಹೇಳುತ್ತಾರೆ. ಅನುಮಾನದ ಆಟ ನಮಗೆ ಚೆನ್ನಾಗಿ ಬರುತ್ತದೆ, ಒಂದು ಮಾತು ಕೇಳಿದರೆ ಎಲ್ಲಿ ತೂತಿದೆ ಅಂತ ಹುಡುಕುವುದು. ನಂಬಿಕೆಯ ಆಟದಲ್ಲಿ, ಆ ಮಾತು ನಿಜ ಅಂತ ಸ್ವಲ್ಪ ಹೊತ್ತು ನಿಜವಾಗಿಯೂ ನಂಬಿ, ಅಲ್ಲಿಂದ ಏನು ಕಾಣುತ್ತದೆ ಅಂತ ನೋಡಬೇಕು. ಒಪ್ಪಿದ ಹಾಗೆ ನಟಿಸುವುದಲ್ಲ. ಅಲ್ಲಿ ಹೋಗಿ ನಿಂತು ನೋಡುವುದು.

ನಾನು ಹೋಗಿ ನಿಂತೆ. ಲೇಖಕರು ಅವಳ ಕೈ ಬಿಟ್ಟರು. ಹಾಗಾದರೆ ಯಾವಾಗ? ಕೈ ಬಿಡುವವರು ಇದ್ದಕ್ಕಿದ್ದಂತೆ ಬಿಡುವುದಿಲ್ಲ, ಮೊದಲು ಹಿಡಿತ ಸಡಿಲವಾಗುತ್ತದೆ. ಹಾಗಾದರೆ ಕೊನೆಯ ಅಧ್ಯಾಯಕ್ಕೆ ಮುಂಚೆ ಎಲ್ಲೋ ಗುರುತು ಇರಬೇಕು. ಕೊನೆಯಿಂದ ಹಿಂದಕ್ಕೆ ಓದುತ್ತಾ ಹೋದೆ.

ಕೊನೆಗೆ ಎರಡು ಅಧ್ಯಾಯ ಮುಂಚೆ ಒಂದು ಪುಟ ಇದೆ. ಮಗಳು ತಂದೆಯ ಕಾಲಿನ ಉಗುರು ಕತ್ತರಿಸುತ್ತಾಳೆ. ಮೊದಲ ಸಲ ಓದಿದಾಗ ಅದು ನನಗೆ ಒಂದು ಸಾಧಾರಣ ಪುಟ. ಈ ಸಲ ಓದುವಾಗ ಏನೋ ಖಾಲಿ ಅನ್ನಿಸಿತು. ಏನು ಅಂತ ತಿಳಿಯಲು ನಾಲ್ಕು ಸಲ ಓದಬೇಕಾಯಿತು. ಆ ಇಡೀ ಪುಟದಲ್ಲಿ ‘ನಾನು’ ಇಲ್ಲ.

‘ನಾನು’ ಪದ ಇಲ್ಲದಿರುವುದು ಕನ್ನಡದಲ್ಲಿ ದೊಡ್ಡದಲ್ಲ. ‘ಪಾದ ಒರೆಸಿದೆ’ ಅಂದರೂ ಆ ಕೊನೆಯ ಸ್ವರದಲ್ಲಿ ‘ನಾನು’ ಉಳಿದಿರುತ್ತದೆ. ಆದರೆ ಆ ಪುಟದಲ್ಲಿ ಅದೂ ಇರಲಿಲ್ಲ. ಉಗುರು ಕತ್ತರಿಸಿದ್ದಾಯಿತು, ಪಾದ ಒರೆಸಿದ್ದಾಯಿತು, ಹೊದಿಕೆ ಹೊದಿಸಿದ್ದಾಯಿತು, ಹೀಗೆ. ಎಲ್ಲವೂ ‘ಆಯಿತು’. ಕೆಲಸ ಆಗಿದೆ, ಮಾಡಿದವರು ವಾಕ್ಯದಲ್ಲಿಲ್ಲ. ಹಿಂದಿನ ಅಧ್ಯಾಯಗಳಿಗೆ ಹೋಗಿ ನೋಡಿದೆ. ಅಲ್ಲೆಲ್ಲ ಇದೇ ಕೆಲಸಗಳನ್ನು ಅವಳು ‘ಮಾಡಿದೆ, ಒರೆಸಿದೆ, ಎತ್ತಿದೆ’ ಎಂದೇ ಹೇಳುತ್ತಾಳೆ. ಈ ಪುಟದಿಂದಾಚೆ ‘ಆಯಿತು’ ಜಾಸ್ತಿಯಾಗುತ್ತಾ ಹೋಗುತ್ತದೆ. ಅಂದರೆ ‘ಅವಳು’ ಬರುವ ಎಷ್ಟೋ ಮೊದಲೇ ‘ನಾನು’ ಹೋಗಿಬಿಟ್ಟಿದೆ. ನನಗೆ ಕಂಡ ಮಟ್ಟಿಗೆ, ಕೈ ಬಿಟ್ಟದ್ದು ಲೇಖಕರಲ್ಲ. ಅವಳೇ ತನ್ನನ್ನು ಬಿಡುತ್ತಾ ಬಂದಿದ್ದಾಳೆ. ಕೊನೆಯ ಅಧ್ಯಾಯ ಅದನ್ನು ನೋಡಿ, ಅವಳಿಗೆ ‘ಅವಳು’ ಎಂಬ ಹೆಸರು ಕೊಟ್ಟು ಎತ್ತಿಕೊಂಡಿದೆ.

ಆ ಪುಟದ ಮುಂದೆ ಕೂತಾಗ ಆದ ಸಂತೋಷವನ್ನು ಹೇಗೆ ಹೇಳಲಿ. ಇದು ಗೆಳತಿ ಹೇಳಿದ್ದಲ್ಲ. ಅವರ ಮಾತನ್ನು ನಾನು ಪೂರ್ತಿ ಒಪ್ಪಿಯೂ ಇಲ್ಲ. ಆದರೆ ಅವರ ‘ಏನೋ’ ಇಲ್ಲದೆ ಇದು ನನಗೆ ಯಾವತ್ತೂ ಸಿಗುತ್ತಿರಲಿಲ್ಲ. ಬೇರೆಯವರ ಅಭಿಪ್ರಾಯ ಓದಿದರೆ ನನ್ನದು ಕಲಬೆರಕೆಯಾಗುತ್ತದೆ ಅಂತ ಹೆದರಿಕೊಂಡು ಎಷ್ಟು ವರ್ಷ ಎಷ್ಟು ಪುಸ್ತಕಗಳನ್ನು ಅರ್ಧ ಓದಿಬಿಟ್ಟೆನೋ.

ಇದರ ನಂತರ ಎಲ್ಲ ಸರಾಗವಾಯಿತು ಅಂತಲ್ಲ. ಇನ್ನೊಂದು ಬದಿಗೆ ವಾಲಿದೆ. ಮುಂದಿನ ತಿಂಗಳ ಬರಹದಲ್ಲಿ ಒಬ್ಬರ ಬದಲು ನಾಲ್ವರ ಮಾತುಗಳನ್ನು ತೆಗೆದುಕೊಂಡೆ. ಪ್ರತಿಯೊಬ್ಬರ ಮಾತನ್ನೂ ಎಚ್ಚರದಿಂದ, ಅವರೇ ಮೆಚ್ಚುವ ಹಾಗೆ ಬರೆದೆ. ಎಲ್ಲರೂ ಮೆಚ್ಚಿದರು ಕೂಡ. ಹಿರಿಯರು ಮಾತ್ರ ಕೇಳಿದರು: "ಇದರಲ್ಲಿ ನೀವೆಲ್ಲಿದ್ದೀರಿ?"

ಮನೆಗೆ ಬಂದು ಎರಡು ಬಣ್ಣದ ಪೆನ್ಸಿಲ್ ತೆಗೆದುಕೊಂಡೆ. ಬೇರೆಯವರ ವಿಚಾರ ಇರುವ ವಾಕ್ಯದ ಕೆಳಗೆ ನೀಲಿ, ನನ್ನದರ ಕೆಳಗೆ ಕೆಂಪು. ನಾಲ್ಕು ಪುಟ ನೀಲಿ. ಕೊನೆಯ ಮೂರು ಸಾಲು ಕೆಂಪು. ಆ ಮೂರು ಸಾಲಲ್ಲೂ ಇದ್ದದ್ದು ‘ಎಲ್ಲರ ಮಾತಿನಲ್ಲೂ ಸತ್ಯವಿದೆ’ ಅನ್ನುವುದಷ್ಟೇ. ಈ ಬಣ್ಣ ಹಚ್ಚುವ ಅಭ್ಯಾಸ ಈಗಲೂ ಇದೆ. ನೀಲಿ-ಕೆಂಪು ಸಮ ಇರಬೇಕು ಅಂತೇನಿಲ್ಲ. ಯಾವ ಬಣ್ಣ ಅಂತ ಹೇಳಲಾಗದ ವಾಕ್ಯ ಸಿಕ್ಕಿದರೆ ಅಲ್ಲಿ ನಿಲ್ಲುತ್ತೇನೆ. ಇದು ಯಾರ ಮಾತು? ಅವರದಾದರೆ ಅವರ ಹೆಸರು ಬೇಕು. ನನ್ನದಾದರೆ ನಾನು ಹೊಣೆ ಹೊರಬೇಕು. ಹಾಗೇ, ಎಲ್ಲದಕ್ಕೂ ‘ಹೇಳುತ್ತಾರೆ’ ಅಂತ ಬರೆಯುವುದನ್ನೂ ಬಿಟ್ಟೆ. ಒಬ್ಬರು ವಾದಿಸುತ್ತಾರೆ, ಇನ್ನೊಬ್ಬರು ಅನುಮಾನಪಡುತ್ತಾರೆ, ಮತ್ತೊಬ್ಬರು ಸುಮ್ಮನೆ ಗಮನಿಸುತ್ತಾರೆ, ಒಬ್ಬರು ನೊಂದುಕೊಂಡು ಕೇಳುತ್ತಾರೆ. ಕ್ರಿಯಾಪದ ಸರಿಯಾಗಿ ಸಿಕ್ಕರೆ ಅರ್ಧ ಪೂರ್ವಪಕ್ಷ ಅಲ್ಲೇ ಮುಗಿಯುತ್ತದೆ.

ನನಗೆ ಈಗಲೂ ತುಂಬ ಕಷ್ಟವಾಗುವುದು ಒಪ್ಪುವುದು. ವಿರೋಧ ಇದ್ದರೆ ಬರೆಯಲು ಏನೋ ಇರುತ್ತದೆ. ಒಪ್ಪಿಬಿಟ್ಟರೆ ಮಾತು ನಿಂತುಹೋಗುತ್ತದೆ. ಅದೇ ಕಾದಂಬರಿಯ ತಂದೆಯ ಬಗ್ಗೆ ಗುಂಪಿನ ಇನ್ನೊಬ್ಬರು ಬರೆದಿದ್ದರು. ಅವನು ಕಠಿಣ ಮನುಷ್ಯ ಅಲ್ಲ, ಹೆದರಿದ ಮನುಷ್ಯ. ಅವನು ಗದರುವುದೆಲ್ಲ ಯಾರಾದರೂ ಕೋಣೆಯಿಂದ ಹೊರಡುವ ಹೊತ್ತಿಗೇ. ಎಷ್ಟು ನಿಜ ಅನ್ನಿಸಿತು. ‘ಈ ಮಾತನ್ನು ಪೂರ್ತಿ ಒಪ್ಪುತ್ತೇನೆ’ ಅಂತ ಬರೆದೆ, ಅಲ್ಲಿಗೆ ಮುಗಿಯಿತು. ಅವರು ಕೇಳಿದರು: "ಒಪ್ಪಿದ ಮೇಲೆ ನಿಮ್ಮ ಓದಿನಲ್ಲಿ ಏನು ಬದಲಾಯಿತು?" ಯೋಚಿಸಿದೆ. ಬದಲಾಗಿತ್ತು. ಮಗಳ ಸಹನೆಯನ್ನು ನಾನು ದೊಡ್ಡತನ ಅಂತ ಓದಿದ್ದೆ. ತಂದೆ ಹೆದರಿದವನು ಅಂತಾದರೆ, ಅವಳು ಪದೇ ಪದೇ ಕೋಣೆಯಿಂದ ಎದ್ದು ಹೋಗುವುದು ಸಹನೆ ಅಲ್ಲ, ಅವನಿಗೆ ಕೊಡುತ್ತಿದ್ದ ನೋವು. ಅವಳಿಗೆ ಅದು ಗೊತ್ತಿತ್ತೇ? ಒಪ್ಪಿಗೆಯಿಂದಲೂ ಒಂದು ಪ್ರಶ್ನೆ ಹುಟ್ಟಿತು. ಇದನ್ನು ಬರೆದಿದ್ದರೆ ಅದು ಪ್ರತಿಕ್ರಿಯೆ. ‘ಪೂರ್ತಿ ಒಪ್ಪುತ್ತೇನೆ’ ಬರೀ ಸಹಿ.

ಹಾಗೆ ಒಪ್ಪಿ ನನ್ನ ಮನಸ್ಸು ಬದಲಾದಾಗ, ಮೊದಲಿನ ಅಭಿಪ್ರಾಯವನ್ನು ಅಳಿಸದೆ ಬರಹದಲ್ಲೇ ಇಡುವುದನ್ನೂ ರೂಢಿ ಮಾಡಿಕೊಂಡೆ. ‘ಮೊದಲ ಸಲ ಓದಿದಾಗ ನಾನು ಹೀಗೆ ಅಂದುಕೊಂಡಿದ್ದೆ’ ಎಂಬ ವಾಕ್ಯ ಬರೆಯಲು ಮೊದಮೊದಲು ಸಂಕೋಚವಾಗುತ್ತಿತ್ತು. ಈಗ ಅದು ನನಗೆ ತುಂಬ ಪ್ರೀತಿಯ ವಾಕ್ಯ. ಓದುವವರಿಗೆ ನಡೆದು ಬಂದ ದಾರಿ ಕಾಣುತ್ತದೆ. ಯಾರ ಮಾತಿನಿಂದ ತಿರುಗಿದೆ ಅನ್ನುವುದೂ ಕಾಣುತ್ತದೆ.

ಒಮ್ಮೆ ಇದೆಲ್ಲ ನನ್ನ ಮೇಲೂ ನಡೆಯಿತು. ನಾನು ಬರೆದದ್ದಕ್ಕೆ ಒಬ್ಬರು ಪ್ರತಿಕ್ರಿಯೆ ಬರೆದರು. ಅದರಲ್ಲಿ ನನ್ನ ಮಾತು ಗುರುತೇ ಸಿಗದ ಹಾಗೆ ಬಂದಿತ್ತು. ‘ಬಹುಶಃ’ ಬಿಟ್ಟುಹೋಗಿತ್ತು. ಉದಾಹರಣೆ ಬಿಟ್ಟುಹೋಗಿತ್ತು. ಓದುತ್ತಾ ಮೈ ಬಿಸಿಯಾಯಿತು. ಉತ್ತರ ಬರೆಯಲು ಪೆನ್ನು ಎತ್ತಿಕೊಂಡವನು ಗೆಳತಿ ಹಾಳೆ ಮಡಿಚಿಟ್ಟದ್ದನ್ನು ನೆನೆದು ಕೆಳಗಿಟ್ಟೆ. ಮುಂದಿನ ಸಲ ಸಿಕ್ಕಾಗ, ಅವರು ನನ್ನ ಬರಹದಲ್ಲಿ ಏನು ಕೇಳಿಸಿಕೊಂಡರು ಅಂತ ಕೇಳಿದೆ. ಅವರು ಹೇಳಿದ್ದರಲ್ಲಿ ಸ್ವಲ್ಪ ನಿಜವಾಗಿಯೂ ನನ್ನ ಬರಹದಲ್ಲಿತ್ತು. ನಾನು ಬೇಕು ಅಂತ ಇಟ್ಟದ್ದಲ್ಲ, ಆದರೆ ಇತ್ತು.

ಗೆಳತಿಗೆ ಬರೆದ ಪ್ರತಿಕ್ರಿಯೆಯ ಕೊನೆಯ ಕರಡನ್ನು ಹೋದ ವಾರ ಕೊಟ್ಟೆ. ಮೊದಲ ಕರಡು ಕೊಟ್ಟು ತುಂಬ ದಿನಗಳಾಗಿದ್ದವು. ಗುಂಪು ಆ ಪುಸ್ತಕ ಬಿಟ್ಟು ಮುಂದೆ ಹೋಗಿತ್ತು, ನಾನು ಹೋಗಿರಲಿಲ್ಲ. ಅವರು ಓದಿದರು. ಈ ಸಲ ಹಾಳೆ ಮಡಿಚಲಿಲ್ಲ. ಉಗುರು ಕತ್ತರಿಸುವ ಪುಟದ ಬಗ್ಗೆ ಬರೆದ ಕಡೆ ಬೆರಳಿಟ್ಟುಕೊಂಡು ತಮ್ಮ ಪುಸ್ತಕ ತೆಗೆದರು. ಆ ಪುಟ ಹುಡುಕಿ, ತುಟಿಯಲ್ಲೇ ಓದಿಕೊಂಡರು. ಆಮೇಲೆ ತಲೆ ಎತ್ತಿ, "ಹಾಗಾದರೆ ತಂದೆ? ಅವನ ಮಾತಲ್ಲೂ ಈ ‘ಆಯಿತು’ ಬರುತ್ತಾ ನೋಡಿದ್ರಾ?" ಅಂದರು.

ನೋಡಿರಲಿಲ್ಲ. ಪುಸ್ತಕ ಮತ್ತೆ ಮೇಜಿನ ಮೇಲೆ ಬಂದಿದೆ. ತಂದೆ ಬಾಯಿ ಬಿಡುವ ಪುಟಗಳಿಗೆ ಚೀಟಿ ಇಡುತ್ತಾ ಮೂರನೇ ಅಧ್ಯಾಯದ ತನಕ ಬಂದಿದ್ದೇನೆ.